ಐದು ಅಡಿ ಐದು ಇಂಚಿನ ರಾಬ್ ಬರೋ: ನಿಮ್ಮ ಪ್ರಶ್ನೆ, ನನ್ನ ಉತ್ತರ

ಹೋದ ಸಂಚಿಕೆಯಲ್ಲಿ ಕುಳ್ಳಗಿರುವ ಕಬಡ್ಡಿ ರೈಡರ್‌ಗಳ ಬಗ್ಗೆ ಬರೆಯುವಾಗ ಇಂಗ್ಲೆಂಡಿನ ರಗ್ಬಿ ಲೀಗ್ ಆಟಗಾರ ರಾಬ್ ಬರೋ ಹೆಸರನ್ನು ಒಂದೇ ಸಾಲಿನಲ್ಲಿ ಹೇಳಿ ಮುಂದೆ ಹೋಗಿದ್ದೆ. ಆ ಒಂದು ಸಾಲಿಗೆ ಬಂದಷ್ಟು ಪತ್ರ ಇಡೀ ಬರಹಕ್ಕೆ ಬಂದಿಲ್ಲ. ಬಾಗಲಕೋಟೆ, ವಿಜಯಪುರ, ಗೋಕಾಕ, ಜಮಖಂಡಿ ಎಲ್ಲ ಕಡೆಯಿಂದ ಬರೆದಿದ್ದೀರಿ. ಹಾಗಾಗಿ ಕ್ರಿಕೆಟ್ ಪ್ರಶ್ನೆಗಳು ಮುಂದಿನ ಸಲಕ್ಕೆ ಇರಲಿ. ಈ ಸಲ ಪೂರ್ತಿ ಅವರದೇ ಮಾತು.

ಪ್ರಶ್ನೆ: ಕಾಕಾ, ನಾನು ಪಿಯುಸಿ ಎರಡನೇ ವರ್ಷ ಓದುತ್ತಿದ್ದೇನೆ. ಎತ್ತರ ಐದು ಅಡಿ ಮೂರು ಇಂಚು. ಹೈಸ್ಕೂಲಿನಿಂದ ಕಬಡ್ಡಿ ಆಡುತ್ತಿದ್ದೇನೆ. ಈ ಸಲ ತಂಡದ ಆಯ್ಕೆಗೆ ಹೋದಾಗ ಒಂದು ರೈಡ್ ಕೂಡ ಕೊಡಲಿಲ್ಲ. ಸಾಲಿನಲ್ಲಿ ನಿಂತಾಗಲೇ ‘ನೀ ಈ ಕಡೆ ಬಾ’ ಅಂದು ಪಕ್ಕಕ್ಕೆ ನಿಲ್ಲಿಸಿದರು. ನೀವು ಹೇಳಿದ ಆಟಗಾರ ನಿಜವಾಗಿ ಎಷ್ಟು ಎತ್ತರ ಇದ್ದರು? ಅಷ್ಟು ದೊಡ್ಡವರ ನಡುವೆ ಹೇಗೆ ಉಳಿದರು?
(ವಿದ್ಯಾರ್ಥಿ, ಬಾಗಲಕೋಟೆ)

ತಮ್ಮಾ, ಒಂದು ರೈಡ್ ಕೊಟ್ಟು ನೋಡದೆ ನಿನ್ನನ್ನು ಪಕ್ಕಕ್ಕೆ ನಿಲ್ಲಿಸಿದ್ದು ತಪ್ಪು. ಇದನ್ನು ಮೊದಲೇ ಹೇಳಿಬಿಡುತ್ತೇನೆ. ಆಡಿಸಿ ನೋಡಿ ಬೇಡ ಅಂದರೆ ಅದು ಆಯ್ಕೆ. ಅಳತೆ ನೋಡಿ ಬೇಡ ಅನ್ನುವುದಕ್ಕೆ ಮೈದಾನ ಯಾಕೆ ಬೇಕು, ಟೇಪು ಸಾಕಲ್ವಾ?

ಈಗ ರಾಬ್ ಬರೋ ವಿಷಯಕ್ಕೆ ಬರೋಣ. ಎತ್ತರ ಐದು ಅಡಿ ಐದು ಇಂಚು. ತೂಕ 70 ಕಿಲೋದ ಆಸುಪಾಸು. ನಮ್ಮ ಕುಸ್ತಿಯಲ್ಲಿ, ಕಬಡ್ಡಿಯಲ್ಲಿ ತೂಕದ ಲೆಕ್ಕ ಇರುತ್ತದೆ. ರಗ್ಬಿ ಲೀಗ್‌ನಲ್ಲಿ ಅದು ಇಲ್ಲವೇ ಇಲ್ಲ. ಎದುರು ತಂಡದ ಮುಂದಿನ ಸಾಲಿನವರು ನೂರು ಕಿಲೋ ದಾಟಿದವರು, ಕೆಲವರು 110 ಕಿಲೋ ಕೂಡ. ಅವರು ಓಡಿಬಂದು ಮೈಮೇಲೆ ಬೀಳುತ್ತಾರೆ, ಅವರನ್ನೂ ಇವನೇ ತಡೆಯಬೇಕು. ಇಂಗ್ಲೆಂಡಿನ ರಗ್ಬಿ ಲೀಗ್‌ನ ಅತಿ ದೊಡ್ಡ ಟೂರ್ನಿ ಸೂಪರ್ ಲೀಗ್‌ನಲ್ಲಿ ಎಲ್ಲರಿಗಿಂತ ಚಿಕ್ಕ ಆಟಗಾರ ಅಂತಲೇ ಅವನನ್ನು ಕರೆಯುತ್ತಿದ್ದರು. ಹುಡುಗನಾಗಿದ್ದಾಗಿನಿಂದ ‘ನೀನು ತುಂಬಾ ಚಿಕ್ಕವನು’ ಅನ್ನುವ ಮಾತು ಕೇಳಿಕೊಂಡೇ ಬೆಳೆದವನು.

ಹುಟ್ಟಿದ್ದು 1982ರ ಸೆಪ್ಟೆಂಬರ್ 26ರಂದು, ಯಾರ್ಕ್‌ಷೈರ್‌ನ ಪಾಂಟಿಫ್ರ್ಯಾಕ್ಟ್‌ನಲ್ಲಿ. ಕಲ್ಲಿದ್ದಲು ಗಣಿಗಳ ಸೀಮೆಯಾಗಿತ್ತು ಅದು. 2001ರಲ್ಲಿ, 18ನೇ ವಯಸ್ಸಿಗೆ, ಲೀಡ್ಸ್ ರೈನೋಸ್ ತಂಡಕ್ಕೆ ಮೊದಲ ಪಂದ್ಯ ಆಡಿದ. ಆ ವರ್ಷದ ಅತ್ಯುತ್ತಮ ಯುವ ಆಟಗಾರ ಪ್ರಶಸ್ತಿಯೂ ಅವನಿಗೇ ಬಂತು. 2017ರಲ್ಲಿ ಆಟ ಬಿಡುವವರೆಗೆ ಅದೇ ತಂಡ. 490ಕ್ಕೂ ಜಾಸ್ತಿ ಪಂದ್ಯ, ಬೇರೆ ಕ್ಲಬ್ಬಿನ ಅಂಗಿ ಹಾಕಲೇ ಇಲ್ಲ.

ಹೇಗೆ ಉಳಿದ ಅಂತ ಕೇಳಿದ್ದೀಯ. ಅದಕ್ಕೆ ಆಟದ ಒಂದು ನಿಯಮ ನಿನಗೆ ಗೊತ್ತಿರಬೇಕು. ರಗ್ಬಿ ಲೀಗ್‌ನಲ್ಲಿ ಒಂದು ತಂಡಕ್ಕೆ ಆರು ಸಲ ಸಿಕ್ಕಿಬೀಳುವ ಅವಕಾಶ. ಚೆಂಡು ಹಿಡಿದವನನ್ನು ಎದುರಾಳಿಗಳು ಕೆಡವಿದರೆ ಒಂದು ಟ್ಯಾಕಲ್ ಲೆಕ್ಕ. ಅವನು ಎದ್ದು ನಿಂತು, ಚೆಂಡನ್ನು ನೆಲದ ಮೇಲಿಟ್ಟು ಕಾಲಿನಿಂದ ಹಿಂದಕ್ಕೆ ಉರುಳಿಸುತ್ತಾನೆ. ಹಿಂದೆ ನಿಂತವನು ಅದನ್ನು ಎತ್ತಿಕೊಳ್ಳುತ್ತಾನೆ. ಆ ಜಾಗಕ್ಕೆ ಡಮ್ಮಿ ಹಾಫ್ ಅನ್ನುತ್ತಾರೆ. ಪ್ರತಿ ಸಲವೂ ತಡೆಯುವ ತಂಡ 10 ಮೀಟರ್ ಹಿಂದೆ ಸರಿದು ನಿಲ್ಲಬೇಕು. ಆರನೇ ಸಲವೂ ಸಿಕ್ಕಿಬಿದ್ದರೆ ಚೆಂಡು ಎದುರಾಳಿಗಳಿಗೆ ಹೋಗುತ್ತದೆ.

ಈಗ ಯೋಚನೆ ಮಾಡು. 110 ಕಿಲೋದ ಮನುಷ್ಯ ಒಬ್ಬನನ್ನು ಕೆಡವಬೇಕು, ಎದ್ದೇಳಬೇಕು, 10 ಮೀಟರ್ ಹಿಂದಕ್ಕೆ ಓಡಬೇಕು, ಮತ್ತೆ ಮುಂದೆ ಬರಬೇಕು, ಮತ್ತೆ ಕೆಡವಬೇಕು. ಅರ್ಧ ಗಂಟೆ ಇದನ್ನೇ ಮಾಡಿದ ಮೇಲೆ ಅವನ ಉಸಿರು ಎಲ್ಲಿರುತ್ತದೆ? ಅಂಥ ಹೊತ್ತಿಗೆ ಬರೋನನ್ನು ಬೆಂಚಿನಿಂದ ಎಬ್ಬಿಸಿ ಮೈದಾನಕ್ಕೆ ಬಿಡುತ್ತಿದ್ದರು. ಡಮ್ಮಿ ಹಾಫ್ ಜಾಗದಲ್ಲಿ ನಿಲ್ಲುತ್ತಿದ್ದ. ದೊಡ್ಡವರು ಇನ್ನೂ ಬೆನ್ನು ತಿರುಗಿಸಿ ಹಿಂದೆ ಸರಿಯುತ್ತಿರುವಾಗಲೇ ಚೆಂಡೆತ್ತಿ ಅವರ ಸಂದಿಯಲ್ಲಿ ನುಗ್ಗಿಬಿಡುತ್ತಿದ್ದ. ಅವರು ತಿರುಗಿ ನೋಡುವಷ್ಟರಲ್ಲಿ ಇವನು ಅವರನ್ನು ದಾಟಿ ಆಗಿರುತ್ತಿತ್ತು.

2011ರ ಗ್ರ್ಯಾಂಡ್ ಫೈನಲ್‌ನ, ಅಂದರೆ ಸೂಪರ್ ಲೀಗ್ ಚಾಂಪಿಯನ್ ಯಾರು ಅಂತ ತೀರ್ಮಾನಿಸುವ ಕೊನೆಯ ಪಂದ್ಯದ, ಆ ಒಂದು ಟ್ರೈ ನೋಡು, ಮೊಬೈಲಿನಲ್ಲಿ ಸಿಗುತ್ತದೆ. ಟ್ರೈ ಅಂದರೆ ಎದುರಾಳಿಗಳ ಗೆರೆಯಾಚೆ ಚೆಂಡು ಊರಿ ಅಂಕ ಗಳಿಸುವುದು. ಮ್ಯಾಂಚೆಸ್ಟರ್‌ನ ಓಲ್ಡ್ ಟ್ರಾಫರ್ಡ್ ಫುಟ್‌ಬಾಲ್ ಮೈದಾನ, ಎದುರಿಗೆ ಸೇಂಟ್ ಹೆಲೆನ್ಸ್. ಬರೋ ಡಮ್ಮಿ ಹಾಫ್‌ನಿಂದ ಚೆಂಡೆತ್ತುತ್ತಾನೆ. ಎದುರಿನವನು ತೋಳು ಚಾಚುತ್ತಾನೆ. ಇವನು ಮೊಣಕಾಲು ಮಡಚಿ, ತಲೆ ತಗ್ಗಿಸಿ, ಆ ತೋಳಿನ ಕೆಳಗೆ ತೂರಿ ಆಚೆ ಎದ್ದೇಳುತ್ತಾನೆ. ನಮ್ಮ ಕಬಡ್ಡಿಯ ಡುಬ್ಕಿ! ಬೇರೆ ಹೆಸರೇ ಬೇಡ ಅದಕ್ಕೆ. ಎದ್ದವನೇ ಎಡಕ್ಕೆ ಬಲಕ್ಕೆ ಕಾಲು ಬದಲಿಸಿ ಓಡಿ, ಕೊನೆಗೆ ನಿಂತಿದ್ದ ಫುಲ್‌ಬ್ಯಾಕ್‌ನನ್ನೂ ತಪ್ಪಿಸಿ ಗೆರೆಯಾಚೆ ಚೆಂಡು ಊರುತ್ತಾನೆ. ಆರು ಅಡಿ ಎರಡು ಇಂಚಿನವನು ಆ ತೋಳಿನ ಕೆಳಗೆ ಹೇಗೆ ತೂರುತ್ತಾನೆ ಹೇಳು? ಲೀಡ್ಸ್ 32–16ರಿಂದ ಗೆದ್ದಿತು. ಲೀಗ್ ಪಟ್ಟಿಯಲ್ಲಿ ಐದನೇ ಜಾಗದಲ್ಲಿ ಮುಗಿಸಿದ್ದ ತಂಡ ಅದು. ಪಂದ್ಯದ ಶ್ರೇಷ್ಠ ಆಟಗಾರನಿಗೆ ಕೊಡುವ ಹ್ಯಾರಿ ಸಂಡರ್‌ಲ್ಯಾಂಡ್ ಟ್ರೋಫಿಗೆ ಮತ ಹಾಕಿದವರೆಲ್ಲ ಬರೋ ಹೆಸರನ್ನೇ ಬರೆದರು.

ನಿನಗೆ ನನ್ನ ಸಲಹೆ ಇಷ್ಟು. ಎತ್ತರದವರ ಹಾಗೆ ಆಡಲು ಹೋಗಬೇಡ. ಬೋನಸ್ ಗೆರೆಗೆ ಕಾಲು ಚಾಚುವ ಆಟ ಅವರದು. ನೀನು ಡುಬ್ಕಿ ಕಲಿ, ತೊಡೆಗೆ ಬಲ ತುಂಬು. ಮೊದಲ ಎರಡು ಹೆಜ್ಜೆಯ ವೇಗಕ್ಕೆ ದಿನಾ ಬೆಳಿಗ್ಗೆ ಓಡು. ಮತ್ತೆ ಟ್ಯಾಕಲ್ ಮಾಡಲು ಹೆದರಬೇಡ. ಬರೋನನ್ನು ತಂಡದವರು ನಂಬಿದ್ದು ಬರೀ ಓಟಕ್ಕಲ್ಲ. ತನಗಿಂತ 40 ಕಿಲೋ ಜಾಸ್ತಿ ಇದ್ದವನ ಕಾಲಿಗೆ ಬಿದ್ದು ತಬ್ಬಿಕೊಂಡು ಕೆಡವುತ್ತಿದ್ದ, ಅದಕ್ಕೆ.

ಪ್ರಶ್ನೆ: ರಗ್ಬಿ ಅಂದರೆ ಒಂದೇ ಆಟ ಅಂದುಕೊಂಡಿದ್ದೆ. ನೀವು ಪ್ರತಿ ಸಲ ‘ರಗ್ಬಿ ಲೀಗ್’ ಅಂತ ಬರೆಯುತ್ತೀರಿ. ಇದರಲ್ಲಿ ಎರಡು ಇದೆಯೇ?
(ನೇಕಾರರು, ರಬಕವಿ)

ಎರಡಿದೆ ಅಣ್ಣಾ. ಅದು ಎರಡಾಗಿದ್ದಕ್ಕೆ ಕಾರಣ ನಿಮ್ಮಂಥವರೇ, ಮಗ್ಗದ ಮುಂದೆ ದುಡಿಯುವವರು.

ಇಂಗ್ಲೆಂಡಿನ ಉತ್ತರ ಭಾಗದಲ್ಲಿ, ಯಾರ್ಕ್‌ಷೈರ್, ಲ್ಯಾಂಕಷೈರ್ ಕಡೆ, ರಗ್ಬಿ ಆಡುತ್ತಿದ್ದವರು ಬಟ್ಟೆ ಗಿರಣಿಯವರು, ಗಣಿ ಕೆಲಸದವರು. ಶನಿವಾರವೂ ಕೆಲಸ ಇರುತ್ತಿತ್ತು. ಶನಿವಾರ ಪಂದ್ಯಕ್ಕೆ ಹೋದರೆ ಕೂಲಿ ಹೋಯಿತು. ನಿಮ್ಮಲ್ಲಿ ಒಂದು ದಿನ ಮಗ್ಗ ನಿಂತರೆ ಆ ವಾರದ ಲೆಕ್ಕ ಹೇಗೆ ಏರುಪೇರಾಗುತ್ತದೆ ಅಂತ ನಿಮಗೆ ಗೊತ್ತು. ‘ಹೋದ ಕೂಲಿಯಷ್ಟಾದರೂ ಕೊಡಿ, ದಿನಕ್ಕೆ 6 ಶಿಲ್ಲಿಂಗ್’ ಅಂತ ಅವರ ಕ್ಲಬ್‌ಗಳು ಕೇಳಿದವು. ಲಂಡನ್ ಕಡೆಯ ಆಡಳಿತದವರು ಒಪ್ಪಲಿಲ್ಲ. ಆಟವನ್ನು ಹಣಕ್ಕಾಗಿ ಆಡಬಾರದು ಅನ್ನುವುದು ಅವರ ವಾದ. ಹಾಗೆ ಹೇಳುವುದು ಅವರಿಗೆ ಸುಲಭ ಇತ್ತು, ಕೂಲಿ ಕಳೆದುಕೊಳ್ಳುವ ಚಿಂತೆ ಇಲ್ಲದವರು.

1895ರ ಆಗಸ್ಟ್ 29ರಂದು ಹಡರ್ಸ್‌ಫೀಲ್ಡ್ ಊರಿನ ಜಾರ್ಜ್ ಹೋಟೆಲಿನಲ್ಲಿ ಉತ್ತರದ ಕ್ಲಬ್‌ಗಳು ಸಭೆ ಸೇರಿ ಬೇರೆಯಾದವು. ಲೀಡ್ಸ್ ಕ್ಲಬ್ ಕೂಡ ಅದರಲ್ಲಿತ್ತು. ಬೇರೆಯಾದ ಮೇಲೆ ನಿಯಮವನ್ನೂ ಬದಲಿಸಿಕೊಂಡರು. 1906ರಲ್ಲಿ 15 ಜನರ ತಂಡ 13ಕ್ಕೆ ಇಳಿಯಿತು. ಇಬ್ಬರು ಕಡಿಮೆಯಾದರೆ ಮೈದಾನದಲ್ಲಿ ಜಾಗ ಜಾಸ್ತಿ, ಓಟ ಜಾಸ್ತಿ. ಅದೇ ರಗ್ಬಿ ಲೀಗ್. ಹಳೆಯದು ರಗ್ಬಿ ಯೂನಿಯನ್, ಈಗಲೂ 15 ಜನ. ಅದರಲ್ಲಿ ಆಟಗಾರರಿಗೆ ಬಹಿರಂಗವಾಗಿ ಹಣ ಕೊಡಲು ಒಪ್ಪಿದ್ದು 1995ರಲ್ಲಿ. ಸರಿಯಾಗಿ ನೂರು ವರ್ಷ ಬೇಕಾಯಿತು!

ಲೀಗ್‌ನಲ್ಲಿ ಟ್ರೈಗೆ 4 ಅಂಕ, ಅದರ ನಂತರ ಒದ್ದು ಕಂಬದ ನಡುವೆ ಹಾಕಿದರೆ 2. ಪಂದ್ಯ 80 ನಿಮಿಷ. ನಮ್ಮ ದೇಶದಲ್ಲಿ ಕಾಲೇಜು ಹುಡುಗರು ಆಡುವುದು ಹೆಚ್ಚಾಗಿ ಯೂನಿಯನ್‌ನ ಏಳು ಜನರ ಆಟ, 2016ರಿಂದ ಒಲಿಂಪಿಕ್ಸ್‌ನಲ್ಲಿ ಇರುವುದೂ ಅದೇ.

ಪ್ರಶ್ನೆ: ಅವರು ದೇಶಕ್ಕೆ ಆಡಿದ್ದರೇ? ಎಷ್ಟು ಪ್ರಶಸ್ತಿ ಗೆದ್ದರು? ಅಂಗಿಯ ನಂಬರ್ ಎಷ್ಟು?
(ಹೈಸ್ಕೂಲ್ ಹುಡುಗರು, ಇಂಡಿ)

ಇಂಗ್ಲೆಂಡಿಗೂ ಆಡಿದ್ದಾರೆ, ಗ್ರೇಟ್ ಬ್ರಿಟನ್‌ಗೂ ಆಡಿದ್ದಾರೆ. 2007ರಲ್ಲಿ ಗ್ರೇಟ್ ಬ್ರಿಟನ್ ತನ್ನ ನೆಲದಲ್ಲಿ ನ್ಯೂಜಿಲೆಂಡ್ ವಿರುದ್ಧ 3–0ರಿಂದ ಸರಣಿ ಗೆದ್ದಾಗ ಸರಣಿಯ ಶ್ರೇಷ್ಠ ಆಟಗಾರ ಇವರೇ. ಅದೇ ವರ್ಷದ ಗ್ರ್ಯಾಂಡ್ ಫೈನಲ್‌ನಲ್ಲೂ ಶ್ರೇಷ್ಠ ಆಟಗಾರ. ಲೀಡ್ಸ್ ಜೊತೆ ಎಂಟು ಸೂಪರ್ ಲೀಗ್ ಕಿರೀಟ: 2004, 2007, 2008, 2009, 2011, 2012, 2015, 2017. ಇದರಲ್ಲಿ 2004ರದು ವಿಶೇಷ. ಅದಕ್ಕೂ ಮೊದಲು 32 ವರ್ಷ ಲೀಡ್ಸ್ ಚಾಂಪಿಯನ್ ಆಗಿರಲಿಲ್ಲ. ಅಂಗಿಯ ನಂಬರ್ 7. ಆ ಏಳು ಅನ್ನುವುದನ್ನು ನೆನಪಿಡಿ ಮಕ್ಕಳೇ, ಕೆಳಗೆ ಮತ್ತೆ ಬರುತ್ತದೆ.

ಲೀಡ್ಸ್ ತಂಡದ ಮೈದಾನ ಹೆಡಿಂಗ್ಲೆ. ಆ ಹೆಸರು ಕೇಳಿದ್ದೀರಲ್ವಾ? 2002ರಲ್ಲಿ ನಮ್ಮ ದ್ರಾವಿಡ್ 148 ಹೊಡೆದು ಟೆಸ್ಟ್ ಗೆಲ್ಲಿಸಿದ ಹೆಡಿಂಗ್ಲೆ ಅದೇ ಆವರಣ. ಕ್ರಿಕೆಟ್ ಮೈದಾನಕ್ಕೂ ರಗ್ಬಿ ಮೈದಾನಕ್ಕೂ ಬೆನ್ನಿಗೆ ಬೆನ್ನು ತಾಗಿದ ಒಂದೇ ಸ್ಟ್ಯಾಂಡ್.

ಪ್ರಶ್ನೆ: ಒಬ್ಬ ವ್ಯಕ್ತಿ ಗಾಲಿಕುರ್ಚಿಯಲ್ಲಿದ್ದ ಗೆಳೆಯನನ್ನು ಎತ್ತಿಕೊಂಡು ಓಟದ ಕೊನೆಯ ಗೆರೆ ದಾಟುವ ವಿಡಿಯೊ ನನ್ನ ಮಗಳು ತೋರಿಸಿದಳು. ಅದು ಇವರೇ ಅಂತ ಹೇಳಿದಳು. ನಿಜವೇ? ಅವರಿಗೆ ಏನಾಗಿತ್ತು? ನೋಡಿ ಮನಸ್ಸಿಗೆ ತುಂಬಾ ಕಸಿವಿಸಿ ಆಯಿತು.
(ಶಿಕ್ಷಕಿ, ವಿಜಯಪುರ)

ನಿಜ, ಟೀಚರ್. ಕುರ್ಚಿಯಲ್ಲಿ ಇದ್ದವರು ರಾಬ್ ಬರೋ. ಎತ್ತಿಕೊಂಡವರು ಕೆವಿನ್ ಸಿನ್‌ಫೀಲ್ಡ್, ಲೀಡ್ಸ್ ತಂಡದಲ್ಲಿ ಅವರ ಕ್ಯಾಪ್ಟನ್. ಅದು 2023ರ ಮೇ 14.

2017ರಲ್ಲಿ ಆಟ ಬಿಟ್ಟ ಮೇಲೆ ಬರೋ ಲೀಡ್ಸ್‌ನ ಯುವ ತಂಡದ ಹುಡುಗರಿಗೆ ಕೋಚ್ ಆಗಿದ್ದರು. 2019ರಲ್ಲಿ ಮಾತು ತೊದಲಲು ಶುರುವಾಯಿತು. ಡಿಸೆಂಬರ್‌ನಲ್ಲಿ ವೈದ್ಯರು ಮೋಟಾರ್ ನ್ಯೂರಾನ್ ಕಾಯಿಲೆ ಅಂತ ಹೇಳಿದರು. ವಯಸ್ಸು 37. ಮನೆಯಲ್ಲಿ ಹೆಂಡತಿ ಲಿಂಡ್ಸೆ, ಮೂರು ಚಿಕ್ಕ ಮಕ್ಕಳು. ಲಿಂಡ್ಸೆ ಸ್ವತಃ ಫಿಸಿಯೊಥೆರಪಿಸ್ಟ್, ಹಾಗಾಗಿ ಈ ಕಾಯಿಲೆ ಮುಂದೆ ಏನು ಮಾಡುತ್ತದೆ ಅಂತ ಯಾರೂ ಅವರಿಗೆ ಬಿಡಿಸಿ ಹೇಳಬೇಕಾಗಿರಲಿಲ್ಲ.

ಮಿದುಳಿನಿಂದ, ಬೆನ್ನುಹುರಿಯಿಂದ ಸ್ನಾಯುಗಳಿಗೆ ಅಪ್ಪಣೆ ಒಯ್ಯುವ ನರಕೋಶಗಳು ಒಂದೊಂದಾಗಿ ಸಾಯುತ್ತವೆ. ಅಪ್ಪಣೆ ಬರದ ಸ್ನಾಯು ಸೊರಗುತ್ತದೆ. ಕೈ, ಕಾಲು, ನಾಲಿಗೆ, ಗಂಟಲು, ಕೊನೆಗೆ ಉಸಿರಾಟ. ಬುದ್ಧಿ ಮಾತ್ರ ಹೆಚ್ಚಿನವರಲ್ಲಿ ಮೊದಲಿನಂತೆಯೇ ಇರುತ್ತದೆ. ಎಲ್ಲವೂ ಗೊತ್ತಾಗುತ್ತಿರುತ್ತದೆ. ಕಾಲನ್ನೇ ನಂಬಿ ಬದುಕಿದ ಮನುಷ್ಯನಿಗೆ ಇದು ಬಂತು ಅಂತ ಮೊದಲ ಸಲ ಓದಿದಾಗ ನಾನು ಪತ್ರಿಕೆ ಮಡಚಿಟ್ಟು ಹೊರಗೆ ಹೋಗಿ ಕೂತಿದ್ದೆ.

ಕಾಯಿಲೆ ಗೊತ್ತಾಗಿ ತಿಂಗಳು ಕಳೆಯುವಷ್ಟರಲ್ಲಿ, 2020ರ ಜನವರಿ 12ರಂದು, ಹೆಡಿಂಗ್ಲೆಯಲ್ಲಿ ಒಂದು ಪಂದ್ಯ ಇತ್ತು. ಮೈದಾನ ತುಂಬಿ ತುಳುಕಿತ್ತು. ಕೊನೆಯ ಕೆಲವು ನಿಮಿಷಗಳಿಗೆ ಬರೋ 7ನೇ ನಂಬರಿನ ಅಂಗಿ ಹಾಕಿಕೊಂಡು ಒಳಗೆ ಬಂದರು. ಜೊತೆಗೆ ಹಳೆಯ ತಂಡದವರೂ ಇಳಿದರು. ಆಟ ಬಿಟ್ಟು ವರ್ಷಗಳಾದವರು, ಹೊಟ್ಟೆ ಬಂದವರು, ಎಲ್ಲರೂ. ಅವರೊಂದಿಗೆ ಕೊನೆಯ ಸಲ ಆಡಲು.

ಆಮೇಲೆ ಸಿನ್‌ಫೀಲ್ಡ್ ಓಡಲು ಶುರು ಮಾಡಿದರು. 2020ರ ಡಿಸೆಂಬರ್‌ನಲ್ಲಿ ಏಳು ದಿನಕ್ಕೆ ಏಳು ಮ್ಯಾರಥಾನ್. ಒಂದು ಮ್ಯಾರಥಾನ್ ಅಂದರೆ 42 ಕಿಲೋಮೀಟರ್, ಸುಮಾರು ಬಾದಾಮಿಯಿಂದ ಬಾಗಲಕೋಟೆಗೆ ಓಡಿದ ಹಾಗೆ, ಅದೂ ದಿನಾ, ಏಳು ದಿನ. ಕೂಡಿಸಬೇಕು ಅಂದುಕೊಂಡಿದ್ದು 77,777 ಪೌಂಡ್. ಗೆಳೆಯನ ಅಂಗಿಯ ನಂಬರ್ ಐದು ಸಲ. ಬಂದಿದ್ದು 20 ಲಕ್ಷ ಪೌಂಡ್‌ಗೂ ಜಾಸ್ತಿ. 2021ರಲ್ಲಿ ಲೆಸ್ಟರ್‌ನಿಂದ ಹೆಡಿಂಗ್ಲೆಗೆ 24 ಗಂಟೆಯಲ್ಲಿ 101 ಮೈಲಿ ಓಡಿದರು. 2022ರಲ್ಲಿ ಎಡಿನ್‌ಬರೋದಿಂದ ಮ್ಯಾಂಚೆಸ್ಟರ್‌ಗೆ ಏಳು ದಿನ, ದಿನಕ್ಕೆ ಮ್ಯಾರಥಾನ್‌ಗಿಂತ ಉದ್ದದ ಓಟ. 2023ರಲ್ಲಿ ಏಳು ನಗರಗಳಲ್ಲಿ ಏಳು. ಎಲ್ಲ ಸೇರಿ 80 ಲಕ್ಷ ಪೌಂಡ್ ದಾಟಿತು.

ನಿಮ್ಮ ಮಗಳು ತೋರಿಸಿದ್ದು ಲೀಡ್ಸ್ ಊರಲ್ಲಿ ಬರೋ ಹೆಸರಿನಲ್ಲೇ ನಡೆದ ಮ್ಯಾರಥಾನ್. ಪೂರ್ತಿ 42 ಕಿಲೋಮೀಟರ್ ಸಿನ್‌ಫೀಲ್ಡ್ ಗಾಲಿಕುರ್ಚಿ ತಳ್ಳುತ್ತಾ ಓಡಿದರು. ಕೊನೆಯ ಗೆರೆ ಇನ್ನೇನು ಒಂದೆರಡು ಹೆಜ್ಜೆ ಇದೆ ಅನ್ನುವಾಗ ಕುರ್ಚಿ ನಿಲ್ಲಿಸಿದರು. ಬಗ್ಗಿ, ಗೆಳೆಯನನ್ನು ಮಗುವಿನ ಹಾಗೆ ಎರಡೂ ತೋಳಲ್ಲಿ ಎತ್ತಿಕೊಂಡರು. ಗೆರೆ ದಾಟಿ ಕೆನ್ನೆಗೆ ಮುತ್ತು ಕೊಟ್ಟರು. ತಳ್ಳಿಕೊಂಡೇ ದಾಟಬಹುದಿತ್ತು, ಯಾರೂ ಕಡಿಮೆ ಅನ್ನುತ್ತಿರಲಿಲ್ಲ. ಇಬ್ಬರೂ ಒಟ್ಟಿಗೆ ದಾಟಬೇಕಿತ್ತು ಅವರಿಗೆ. ನಿಮಗೆ ಆದದ್ದು ಕಸಿವಿಸಿ ಅಂತ ಬರೆದಿದ್ದೀರಿ. ನಾನು ಅದನ್ನು ನೋಡಿದಾಗೆಲ್ಲ ಅಳುತ್ತೇನೆ.

ಬರೋ 2024ರ ಜೂನ್ 2ರಂದು ತೀರಿಕೊಂಡರು. 41 ವರ್ಷ. ಮರುದಿನವೇ, ಜೂನ್ 3ರಂದು, ಲೀಡ್ಸ್‌ನಲ್ಲಿ ಅವರ ಹೆಸರಿನ ಮೋಟಾರ್ ನ್ಯೂರಾನ್ ಚಿಕಿತ್ಸಾ ಕೇಂದ್ರಕ್ಕೆ ಮೊದಲ ಗುದ್ದಲಿ ಬಿತ್ತು. ಮನೆಯವರು ಅಂಥ ದುಃಖದಲ್ಲೂ ಬಂದು ನಿಂತರು. ಆ ವಾರ ರಗ್ಬಿ ಲೀಗ್‌ನ ಇನ್ನೊಂದು ದೊಡ್ಡ ಟೂರ್ನಿ ಚಾಲೆಂಜ್ ಕಪ್‌ನ ಫೈನಲ್ ಲಂಡನ್ನಿನ ವೆಂಬ್ಲಿಯಲ್ಲಿ 3 ಗಂಟೆಗೆ ಶುರುವಾಗಬೇಕಿತ್ತು. 3 ಗಂಟೆ 7 ನಿಮಿಷಕ್ಕೆ ಶುರು ಮಾಡಿದರು.

ಪ್ರಶ್ನೆ: ಅಣ್ಣಾವ್ರೇ, ನಮ್ಮ ಅಣ್ಣನಿಗೆ ಇದೇ ಕಾಯಿಲೆ ಇರಬಹುದು ಅಂತ ಡಾಕ್ಟರ್ ಹೇಳಿದ್ದಾರೆ. ಕೈ ಸೊರಗುತ್ತಿದೆ, ಮಾತು ಸ್ವಲ್ಪ ಅಸ್ಪಷ್ಟ. ಒಬ್ಬೊಬ್ಬರು ಒಂದೊಂದು ಔಷಧಿ ಹೇಳುತ್ತಾರೆ. ನೀವು ಈ ಆಟಗಾರರ ಬಗ್ಗೆ ಓದಿದ್ದೀರಿ. ನಮಗೆ ಉಪಯೋಗ ಆಗುವಂಥದ್ದು ಏನಾದರೂ ಇದ್ದರೆ ಹೇಳಿ.
(ಗೃಹಿಣಿ, ಗೋಕಾಕ)

ತಂಗಿ, ನಾನು ಡಾಕ್ಟರ್ ಅಲ್ಲ. ಓದಿ, ತಿಳಿದವರನ್ನು ಕೇಳಿ ಗೊತ್ತಾಗಿದ್ದನ್ನು ಹೇಳುತ್ತೇನೆ.

‘ಇರಬಹುದು’ ಅನ್ನುವಲ್ಲಿಗೆ ನಿಲ್ಲಿಸಬೇಡಿ. ನರ ಮತ್ತು ಸ್ನಾಯುವಿನ ಪರೀಕ್ಷೆ ಮಾಡಿ, ಇದೇ ಲಕ್ಷಣ ತೋರುವ ಬೇರೆ ಕಾಯಿಲೆಗಳನ್ನು ಒಂದೊಂದಾಗಿ ಬಿಟ್ಟುಕೊಂಡು ಬಂದ ಮೇಲೆ ಇದನ್ನು ಖಚಿತ ಮಾಡುತ್ತಾರೆ. ಬೇರೆ ಕಾಯಿಲೆ ಆಗಿದ್ದರೆ ಅದಕ್ಕೆ ಔಷಧಿ ಇರಬಹುದು. ಬೆಳಗಾವಿ, ಹುಬ್ಬಳ್ಳಿಯಲ್ಲಿ ನರರೋಗ ತಜ್ಞರಿದ್ದಾರೆ. ಒಂದು ಸಲ ಬೆಂಗಳೂರಿನ ನಿಮ್ಹಾನ್ಸ್‌ಗೆ ಕರೆದುಕೊಂಡು ಹೋಗುವುದು ಒಳ್ಳೆಯದು. ಇದನ್ನು ಪೂರ್ತಿ ವಾಸಿ ಮಾಡುವ ಔಷಧಿ ಇನ್ನೂ ಬಂದಿಲ್ಲ. ರಿಲುಜೋಲ್ ಅನ್ನುವ ಮಾತ್ರೆ ಕಾಯಿಲೆಯ ವೇಗವನ್ನು ಸ್ವಲ್ಪ ತಗ್ಗಿಸುತ್ತದೆ, ಅದರ ಬಗ್ಗೆ ಡಾಕ್ಟರನ್ನೇ ಕೇಳಿ. ‘ಮೂರು ತಿಂಗಳಲ್ಲಿ ಗುಣ ಮಾಡುತ್ತೇನೆ’ ಅಂದು ಲಕ್ಷ ಕೇಳುವವರು ಬರುತ್ತಾರೆ. ಹೊಲ ಮಾರಿ ಅವರ ಕೈಗೆ ಕೊಡಬೇಡಿ, ದಯವಿಟ್ಟು. ಆ ದುಡ್ಡು ಮುಂದೆ ಆರೈಕೆಗೆ ಬೇಕಾಗುತ್ತದೆ.

ಬರೋ ಅವರಿಂದ ನಾನು ಕಲಿತ ಒಂದು ವಿಷಯ ನಿಮಗೆ ಇವತ್ತೇ ಉಪಯೋಗಕ್ಕೆ ಬರುತ್ತದೆ. ಅಣ್ಣನ ದನಿ ರೆಕಾರ್ಡ್ ಮಾಡಿಡಿ. ಬರೋ ಮಾತು ಪೂರ್ತಿ ಹೋದ ಮೇಲೆ ಕಣ್ಣಿನ ನೋಟದಿಂದ ನಡೆಯುವ ಕಂಪ್ಯೂಟರ್ ಬಳಸಿದರು. ಪರದೆಯ ಮೇಲಿನ ಅಕ್ಷರ ನೋಡಿದರೆ ಅದು ಬರೆದುಕೊಳ್ಳುತ್ತದೆ, ಆಮೇಲೆ ಓದಿ ಹೇಳುತ್ತದೆ. ಅವರ ಹಳೆಯ ಸಂದರ್ಶನಗಳ ಧ್ವನಿಯಿಂದ ಆ ಯಂತ್ರಕ್ಕೆ ಅವರದೇ ದನಿ ಕೊಟ್ಟರು, ಯಾರ್ಕ್‌ಷೈರ್‌ನ ಅದೇ ರಾಗ. ಮಕ್ಕಳಿಗೆ ಅಪ್ಪನ ದನಿಯೇ ಕೇಳುತ್ತಿತ್ತು. 2022ರಲ್ಲಿ ಬಿಬಿಸಿಯ ಮಕ್ಕಳ ಚಾನೆಲ್‌ನಲ್ಲಿ ರಾತ್ರಿ ಮಲಗುವ ಹೊತ್ತಿನ ಕಥೆಯನ್ನೂ ಹಾಗೇ ಕಣ್ಣಿನಿಂದ ಓದಿದರು.

ನಿಮ್ಮಲ್ಲಿ ಆ ಯಂತ್ರ ಸದ್ಯಕ್ಕೆ ಇಲ್ಲದಿರಬಹುದು. ಮೊಬೈಲ್ ಇದೆಯಲ್ಲ. ಅಣ್ಣ ಮಕ್ಕಳ ಹೆಸರು ಕರೆಯಲಿ, ಊರಿನ ಮಾತು ಆಡಲಿ, ‘ಊಟ ಆಯ್ತೇನವ್ವಾ’ ಅಂತ ನಿಮ್ಮ ತಾಯಿಯನ್ನು ಕೇಳಲಿ, ನಗಲಿ. ಎಲ್ಲ ಇಟ್ಟುಕೊಳ್ಳಿ. ನಾಳೆ ಮಾಡೋಣ ಅನ್ನಬೇಡಿ. ಮಾತು ಕಷ್ಟವಾದಾಗ ಒಂದು ರಟ್ಟಿನ ಮೇಲೆ ಅ ಆ ಇ ಈ, ಕ ಖ ಗ ದಪ್ಪಗೆ ಬರೆದು ಎದುರಿಗೆ ಹಿಡಿಯಿರಿ. ನೀವು ಬೆರಳು ಇಡುತ್ತಾ ಹೋಗಿ. ಬೇಕಾದ ಅಕ್ಷರ ಬಂದಾಗ ಅವರು ಕಣ್ಣು ಮೇಲೆತ್ತಲಿ. ನಿಧಾನ ನಿಜ. ಆದರೆ ಅವರ ಮಾತು ಅವರದೇ ಆಗಿರುತ್ತದೆ.

ನುಂಗುವುದು ಕಷ್ಟವಾದರೆ ತೆಳ್ಳನೆಯ ನೀರೇ ಜಾಸ್ತಿ ಗಂಟಲು ಸಿಕ್ಕಿಸುತ್ತದೆ, ಒಣ ರೊಟ್ಟಿಯೂ ಬೇಡ. ಯಾವ ಊಟ ಎಷ್ಟು ಗಟ್ಟಿ ಇರಬೇಕು, ಹೇಗೆ ಕೂರಿಸಿ ಉಣಿಸಬೇಕು ಅಂತ ಮಾತು ಮತ್ತು ನುಂಗುವಿಕೆಯ ಥೆರಪಿಸ್ಟ್ ತೋರಿಸಿಕೊಡುತ್ತಾರೆ. ರಾತ್ರಿ ಮಲಗಿದಾಗ ಉಸಿರು ಕಟ್ಟುವುದು, ಬೆಳಿಗ್ಗೆ ತಲೆನೋವು ಇದ್ದರೆ ಡಾಕ್ಟರಿಗೆ ಬೇಗ ತಿಳಿಸಿ, ಉಸಿರಿಗೆ ಸಹಾಯ ಮಾಡುವ ಚಿಕ್ಕ ಯಂತ್ರ ಇದೆ. ಅಂಗವಿಕಲರ ಗುರುತಿನ ಚೀಟಿಗೆ ಜಿಲ್ಲಾ ಆಸ್ಪತ್ರೆಯಲ್ಲಿ ವಿಚಾರಿಸಿ. ಮತ್ತೆ ತಂಗಿ, ಉಣಿಸುವವರು ನೀವೊಬ್ಬರೇ ಆಗಬೇಡಿ. ಮನೆಯಲ್ಲಿ ಪಾಳಿ ಹಾಕಿಕೊಳ್ಳಿ.

ಪ್ರಶ್ನೆ: ನನ್ನ ಮಗ ಬೆಳಗಾವಿಯಲ್ಲಿ ಕಾಲೇಜು ಓದುತ್ತಾ ರಗ್ಬಿ ಆಡುತ್ತಿದ್ದಾನೆ. ಆ ಆಟದಿಂದಲೇ ಈ ಕಾಯಿಲೆ ಬಂತೇ? ಆಡುವುದು ಬಿಡಿಸಲೇ?
(ತಾಯಿ, ಅಥಣಿ)

ಬರೋ ಅವರಿಗೆ ಆಟದಿಂದಲೇ ಬಂತು ಅಂತ ಯಾರೂ ಸಾಬೀತು ಮಾಡಿಲ್ಲ. ಆದರೆ ನಿಮ್ಮ ಭಯ ಸುಮ್ನೆ ಹುಟ್ಟಿದ್ದಲ್ಲ. ಸ್ಕಾಟ್‌ಲೆಂಡ್‌ಗೆ ರಗ್ಬಿ ಯೂನಿಯನ್ ಆಡಿದ್ದ 412 ಮಾಜಿ ಆಟಗಾರರ ದಾಖಲೆಗಳನ್ನು ಗ್ಲಾಸ್ಗೋದ ಸಂಶೋಧಕರು ನೋಡಿ 2022ರಲ್ಲಿ ವರದಿ ಕೊಟ್ಟರು. ಸಾಮಾನ್ಯ ಜನರಿಗಿಂತ ಅವರಲ್ಲಿ ಈ ಕಾಯಿಲೆಯ ಅಪಾಯ ಎಷ್ಟೋ ಪಟ್ಟು ಜಾಸ್ತಿ ಕಂಡಿತು. ಕಾಯಿಲೆಯೇ ಅಪರೂಪದ್ದು, ಹಾಗಾಗಿ ಪಟ್ಟು ಜಾಸ್ತಿ ಆದರೂ ಬಂದವರು ಬೆರಳೆಣಿಕೆ. ಅವರೆಲ್ಲ ದೇಶಕ್ಕೆ ಆಡುವಷ್ಟು ದೊಡ್ಡ ಮಟ್ಟದಲ್ಲಿ ಆಡಿದವರು ಅನ್ನುವುದನ್ನೂ ಗಮನದಲ್ಲಿ ಇಟ್ಟುಕೊಳ್ಳಿ.

ನಾನಾದರೆ ಆಟ ಬಿಡಿಸುವುದಿಲ್ಲ. ಆದರೆ ಒಂದು ಮಾತು ಮಗನಿಂದ ಪಡೆಯುತ್ತೇನೆ. ತಲೆಗೆ ಪೆಟ್ಟು ಬಿದ್ದು ಕಣ್ಣು ಮಂಜಾದರೆ, ತಲೆ ತಿರುಗಿದರೆ ಆ ಕ್ಷಣ ಹೊರಗೆ ಬರಬೇಕು. ಡಾಕ್ಟರ್ ಹೇಳುವವರೆಗೆ ಮತ್ತೆ ಇಳಿಯಬಾರದು. ‘ನೀರು ಚಿಮುಕಿಸಿ ಆಡಿಸಿ’ ಅನ್ನುವ ಕೋಚ್ ಇದ್ದರೆ ಆ ತಂಡ ಬಿಡಿಸಿ.

ಪ್ರಶ್ನೆ: ನಾವು ಏಳು ಜನ ಮೂವತ್ತು ವರ್ಷದ ಹಿಂದೆ ತಾಲ್ಲೂಕಿಗೆ ಕಬಡ್ಡಿ ಆಡಿದವರು. ನಮ್ಮಲ್ಲಿ ಒಬ್ಬ ಎರಡು ವರ್ಷದಿಂದ ಹಾಸಿಗೆ ಹಿಡಿದಿದ್ದಾನೆ, ಮಾತು ಬರುವುದಿಲ್ಲ. ಮೊದಮೊದಲು ಹೋಗುತ್ತಿದ್ದೆವು. ಈಗ ಹೋದರೆ ಏನು ಮಾತಾಡುವುದು ಅಂತ ಗೊತ್ತಾಗುವುದಿಲ್ಲ, ಹಾಗಾಗಿ ಹೋಗುವುದೇ ಕಡಿಮೆಯಾಗಿದೆ. ಸಿನ್‌ಫೀಲ್ಡ್ ಬಗ್ಗೆ ಮಗ ಓದಿ ಹೇಳಿದ ಮೇಲೆ ನಿದ್ದೆ ಬರುತ್ತಿಲ್ಲ. ನಾವು ಏನು ಮಾಡಬೇಕು?
(ರೈತ, ಜಮಖಂಡಿ ತಾಲ್ಲೂಕು)

ಈ ಪತ್ರವನ್ನು ನಾಲ್ಕು ಸಲ ಓದಿದೆ. ಯಾಕೆಂದರೆ ಇದು ನನ್ನದೂ ಹೌದು.

ನಮ್ಮ ತಂಡದಲ್ಲಿ ಒಬ್ಬ ಇದ್ದ. ಎಡ ಮೂಲೆಯಲ್ಲಿ ನಿಲ್ಲುತ್ತಿದ್ದ, ಅವನ ಕೈಗೆ ಕಾಲು ಸಿಕ್ಕರೆ ಬಿಡಿಸಿಕೊಂಡು ಹೋದವರನ್ನು ನಾನು ನೋಡಿಲ್ಲ. ನಲವತ್ತರ ಮೇಲೆ ಪಾರ್ಶ್ವವಾಯು ಹೊಡೆಯಿತು. ಮೊದಲ ತಿಂಗಳು ವಾರಕ್ಕೆ ಎರಡು ಸಲ ಹೋದೆ. ಆಮೇಲೆ ತಿಂಗಳಿಗೆ ಒಂದು ಸಲ. ಆಮೇಲೆ ದಸರಾಕ್ಕೆ ಬನ್ನಿ ಕೊಡಲು ಹೋದೆ. ಮರುವರ್ಷ ಅದೂ ಇಲ್ಲ. ಮನೆ ಮುಂದೆ ಬೈಕಿನಲ್ಲಿ ಹಾದುಹೋಗುವಾಗ ಆ ಕಡೆ ನೋಡದೆ ಹೋಗುತ್ತಿದ್ದೆ. ಅವನು ತೀರಿಕೊಂಡಾಗ ಅವನ ಹೆಂಡತಿ ನನಗೆ ಹೇಳಿದ್ದು ಒಂದೇ ಮಾತು: ‘ನಿಮ್ಮ ಗಾಡಿ ಸಪ್ಪಳ ಕೇಳಿದರೆ ಅವರು ಬಾಗಿಲ ಕಡೆ ನೋಡೋರು.’ ಬಯ್ದಿದ್ದರೆ ತಡೆದುಕೊಳ್ಳಬಹುದಿತ್ತು.

ಸಿನ್‌ಫೀಲ್ಡ್ ಓಡಿದ್ದು, ದುಡ್ಡು ಕೂಡಿಸಿದ್ದು ದೊಡ್ಡ ಮಾತು. ಅದು ನಿಮ್ಮಿಂದ ಆಗಬೇಕಾಗಿಲ್ಲ. ಆ ತಂಡದವರು ಬರೋ ಮನೆಗೆ ಹೋಗುವುದನ್ನು ಬಿಡಲಿಲ್ಲ, ಅವರನ್ನು ತಮ್ಮ ಜೊತೆ ಮೈದಾನಕ್ಕೆ ಕರೆದುಕೊಂಡು ಬರುವುದನ್ನೂ ಬಿಡಲಿಲ್ಲ. ಅದು ನಿಮ್ಮಿಂದ ಆಗುತ್ತದೆ. ಮಾತು ಹುಡುಕಬೇಡಿ. ಮಾತಿಲ್ಲದ ಗೆಳೆಯನ ಮುಂದೆ ನಿಮ್ಮ ನಿಮ್ಮಲ್ಲೇ ಮಾತಾಡಿ, ಅವನು ಕೇಳಲಿ. ಆ ಫೈನಲ್‌ನಲ್ಲಿ ಯಾರು ಯಾರನ್ನು ಹಿಡಿದರು ಅಂತ ಮತ್ತೆ ಜಗಳ ಮಾಡಿ. ಅವನಿಗೂ ಗೊತ್ತು ಯಾರು ಸುಳ್ಳು ಹೇಳುತ್ತಿದ್ದಾರೆ ಅಂತ, ಕಣ್ಣಲ್ಲೇ ಹೇಳುತ್ತಾನೆ. ಮೊಬೈಲಿನಲ್ಲಿ ಕಬಡ್ಡಿ ಹಚ್ಚಿ ಅವನ ಎದುರಿಗೆ ಹಿಡಿದು ಕೂತು ಒಟ್ಟಿಗೆ ನೋಡಿ. ಗಾಲಿಕುರ್ಚಿ ಇಲ್ಲದಿದ್ದರೆ ಆರು ಜನ ಸೇರಿ ಒಂದು ಕೊಡಿಸಿ. ಊರ ಜಾತ್ರೆಯ ಪಂದ್ಯಕ್ಕೆ ಕರೆದುಕೊಂಡು ಹೋಗಿ ಎಡ ಮೂಲೆಯೋ ಬಲ ಮೂಲೆಯೋ, ಅವನು ನಿಲ್ಲುತ್ತಿದ್ದ ಕಡೆಗೇ ಕುರ್ಚಿ ಹಾಕಿ ಕೂರಿಸಿ. ಅವನ ಹೆಂಡತಿಗೆ ಆ ಎರಡು ಗಂಟೆ ಬಿಡುವೂ ಸಿಗುತ್ತದೆ.

ಎಲ್ಲರೂ ಕೂಡಿದ ಮೇಲೆ ಹೋಗೋಣ ಅಂತ ಕಾಯಬೇಡಿ. ಪತ್ರಿಕೆ ನಿಮ್ಮ ಕೈಗೆ ಶುಕ್ರವಾರ ಸಿಗುತ್ತದೆ. ಭಾನುವಾರ ನೀವೊಬ್ಬರೇ ಆದರೂ ಹೋಗಿ. ಹೋಗಿ ಬಂದ ಮೇಲೆ ನನಗೆ ಒಂದು ಸಾಲು ಬರೆಯಿರಿ, ಅವನು ನಕ್ಕನೇ ಅಂತ.